ಫಾಸ್ಟ್ ಫುಡ್ ವ್ಯಾಪಾರ ಎತ್ತ ಸಾಗಿದೆ? ಕಲಬುರಗಿ, ಕಮಲಾಪುರದ ಜೈನ ಕುಟುಂಬಗಳು ತಿಳಿಯಬೇಕಾದ ಲೆಕ್ಕ

ಕಲಬುರಗಿ: ಏಪ್ರಿಲ್, ಮೇ ತಿಂಗಳಲ್ಲಿ ಕಲಬುರಗಿಯ ಬಿಸಿಲು 42 ಡಿಗ್ರಿ ದಾಟುವುದು ಹೊಸತಲ್ಲ. ಆ ಎರಡು ತಿಂಗಳು ಈ ಭಾಗದ ಸರ್ಕಾರಿ ಕಚೇರಿಗಳೇ ಬೆಳಿಗ್ಗೆ 8ಕ್ಕೆ ತೆರೆದು ಮಧ್ಯಾಹ್ನ 1:30ಕ್ಕೆ ಮುಚ್ಚುವ ಪದ್ಧತಿ ಇದೆ. ಮಧ್ಯಾಹ್ನ ಸೂಪರ್ ಮಾರ್ಕೆಟ್ ಕಡೆ ಗಿರಾಕಿಗಳು ಕಡಿಮೆ. ಹೊತ್ತು ಮುಳುಗಿದ ಮೇಲೆ ಜನ ಮನೆಯಿಂದ ಹೊರಗೆ ಬರುತ್ತಾರೆ. ತಿಂಡಿ ಬಂಡಿಗಳ ಒಲೆ ಹೊತ್ತುವುದು, ಪಿಜ್ಜಾ ಅಂಗಡಿಗಳ ಮುಂದೆ ಬೈಕುಗಳು ಸಾಲುಗಟ್ಟುವುದು ಆಗಲೇ. ವ್ರತ ಪಾಲಿಸುವ ಜೈನ ಮನೆಯಲ್ಲಿ ಒಲೆ ಆರುವ ಹೊತ್ತೂ ಅದೇ.

ಫಾಸ್ಟ್ ಫುಡ್ ಮತ್ತು ಜೈನರು ಎಂದ ಕೂಡಲೇ ಚರ್ಚೆ ಈರುಳ್ಳಿ, ಬೆಳ್ಳುಳ್ಳಿ, ಆಲೂಗಡ್ಡೆಯಲ್ಲೇ ನಿಲ್ಲುತ್ತದೆ. ಅದು ಸರಿಯೇ. ಆದರೆ ಈ ವ್ಯಾಪಾರದ ಲಾಭ ನಿಂತಿರುವುದು ರಾತ್ರಿಯ ಮೇಲೆ. ಇದನ್ನು ಗಮನಿಸದೆ ಮಕ್ಕಳಿಗೆ ಹೇಳುವ ಬುದ್ಧಿಮಾತೂ ಅರ್ಧ, ಅಂಗಡಿಗೆ ಹಾಕುವ ಬಂಡವಾಳದ ಲೆಕ್ಕವೂ ಅರ್ಧ. ಒಂದು ಕಡೆ ಮೆಡಿಕಲ್, ಇಂಜಿನಿಯರಿಂಗ್ ಓದಲು ಕಲಬುರಗಿಗೆ ಬಂದು ಹಾಸ್ಟೆಲ್, ಪಿಜಿಗಳಲ್ಲಿರುವ ಸಮಾಜದ ಮಕ್ಕಳು. ಇನ್ನೊಂದು ಕಡೆ ತಂದೆಯ ಕಿರಾಣಿ, ಬಟ್ಟೆ ಅಂಗಡಿ ಬಿಟ್ಟು ಫ್ರಾಂಚೈಸಿ ಹಿಡಿಯಬೇಕು ಎನ್ನುವ ಯುವಕರು. ಇಬ್ಬರಿಗೂ ಪೂರ್ತಿ ಲೆಕ್ಕ ತಿಳಿದಿರಬೇಕು.

ಮೂವತ್ತು ವರ್ಷಗಳ ಹಿನ್ನೆಲೆ

ವಿದೇಶಿ ಫಾಸ್ಟ್ ಫುಡ್ ಕಂಪನಿಗಳಿಗೆ ದೇಶದ ಬಾಗಿಲುಗಳಲ್ಲಿ ಒಂದಾಗಿದ್ದು ಕರ್ನಾಟಕವೇ. 1995ರ ಜೂನ್‌ನಲ್ಲಿ ಬೆಂಗಳೂರಿನ ಬ್ರಿಗೇಡ್ ರಸ್ತೆಯಲ್ಲಿ ಕೆಎಫ್‌ಸಿ ಭಾರತದ ತನ್ನ ಮೊದಲ ಮಳಿಗೆ ತೆರೆಯಿತು. ಪ್ರೊ. ಎಂ.ಡಿ. ನಂಜುಂಡಸ್ವಾಮಿ ಅವರ ನೇತೃತ್ವದಲ್ಲಿ ಕರ್ನಾಟಕ ರಾಜ್ಯ ರೈತ ಸಂಘ ಅದರ ವಿರುದ್ಧ ಹೋರಾಟ ನಡೆಸಿತು. 1996ರಲ್ಲಿ ಪಿಜ್ಜಾ ಹಟ್ ಕೂಡ ಬೆಂಗಳೂರಿನಿಂದಲೇ ಆರಂಭಿಸಿತು. ಅದೇ ವರ್ಷ ಮೆಕ್‌ಡೊನಾಲ್ಡ್ಸ್ ಮತ್ತು ಡೊಮಿನೋಸ್ ದೆಹಲಿಗೆ ಬಂದವು.

ಬೇಗ ಕೊಡುವ, ನಿಂತು ತಿನ್ನುವ ಹೋಟೆಲು ಕನ್ನಡಿಗರಿಗೆ ಅದಕ್ಕೂ ಮೊದಲೇ ಗೊತ್ತಿತ್ತು. 1980ರ ದಶಕದಲ್ಲಿ ಬೆಂಗಳೂರಿನಲ್ಲಿ ಹುಟ್ಟಿದ ದರ್ಶಿನಿಗಳು ಅದನ್ನೇ ಮಾಡಿದವು. ದರ್ಶಿನಿಯಲ್ಲಿ ದೊಡ್ಡ ವ್ಯಾಪಾರ ಬೆಳಗಿನ ಇಡ್ಲಿ, ದೋಸೆ, ಕಾಫಿಯದು. ಪಿಜ್ಜಾ, ಬರ್ಗರ್ ಕಂಪನಿಗಳದ್ದು ಸಂಜೆ ಮತ್ತು ರಾತ್ರಿಯದು. ಈ ವ್ಯತ್ಯಾಸ ಮುಂದಿನ ಎಲ್ಲ ಲೆಕ್ಕಕ್ಕೂ ಮುಖ್ಯ.

ಭಾರತದ ಗಿರಾಕಿಗಾಗಿ ಈ ಕಂಪನಿಗಳು ಬದಲಾದದ್ದೂ ನಿಜ. ಮೆಕ್‌ಡೊನಾಲ್ಡ್ಸ್ ಇಲ್ಲಿ ಗೋಮಾಂಸ, ಹಂದಿಮಾಂಸ ಬಿಟ್ಟಿತು. ಸಸ್ಯಾಹಾರಕ್ಕೆ ಅಡುಗೆಮನೆಯಲ್ಲಿ ಬೇರೆ ಜಾಗ ಮಾಡಿತು. ಪಿಜ್ಜಾ ಹಟ್ ಮತ್ತು ಸಬ್‌ವೇ ಅಹಮದಾಬಾದಿನಲ್ಲಿ ಪೂರ್ಣ ಸಸ್ಯಾಹಾರಿ ಮಳಿಗೆಗಳನ್ನು ತೆರೆದು ಜೈನ ತಿನಿಸುಗಳನ್ನು ಕೊಟ್ಟವು. ಅಲ್ಲಿ ಒಂದೊಂದು ಬಡಾವಣೆಯಲ್ಲೇ ಸಾವಿರಾರು ಜೈನ ಮನೆಗಳಿವೆ, ಆದ್ದರಿಂದ ಬೇರೆ ಅಡುಗೆಮನೆಯ ಖರ್ಚು ಗಿಟ್ಟುತ್ತದೆ. ಕರ್ನಾಟಕದ ಸ್ಥಿತಿ ಬೇರೆ. 2011ರ ಜನಗಣತಿಯಂತೆ ರಾಜ್ಯದಲ್ಲಿ ಜೈನರು ಸುಮಾರು 4.40 ಲಕ್ಷ, ಜನಸಂಖ್ಯೆಯ ಶೇಕಡಾ 0.72. ಅವರಲ್ಲೂ ದೊಡ್ಡ ಭಾಗ ಬೆಳಗಾವಿ ಜಿಲ್ಲೆ ಮತ್ತು ಬೆಂಗಳೂರಿನಲ್ಲಿದೆ. ಕಲಬುರಗಿಯ ಕೆಲವು ಮನೆಗಳಿಗಾಗಿ ಯಾವ ಕಂಪನಿಯೂ ಬೇರೆ ಒಲೆ ಹಚ್ಚುವುದಿಲ್ಲ. ಹೆಚ್ಚೆಂದರೆ ಕೇಳಿದವರಿಗೆ ಈರುಳ್ಳಿ ಬಿಟ್ಟು ಕೊಡುತ್ತದೆ.

ಕಂಪನಿಗಳ ಲೆಕ್ಕಪತ್ರ ಏನು ಹೇಳುತ್ತದೆ

ಪತ್ರಿಕೆಗಳಲ್ಲಿ ಹೊಸ ಮಳಿಗೆಗಳ ಸುದ್ದಿ ನೋಡಿದರೆ ಈ ಉದ್ಯಮ ಓಡುತ್ತಿದೆ ಎನಿಸುತ್ತದೆ. ವ್ಯಾಪಾರಿಗಳು ನೋಡಬೇಕಾದ ಸಂಖ್ಯೆ ಬೇರೆ ಇದೆ. ಹತ್ತು ಹೊಸ ಅಂಗಡಿ ತೆರೆದರೆ ಒಟ್ಟು ವಹಿವಾಟು ಹೇಗೂ ಏರುತ್ತದೆ. ಹಳೆಯ ಅಂಗಡಿಯ ಗಲ್ಲಾ ಹೋದ ವರ್ಷಕ್ಕಿಂತ ಹೆಚ್ಚು ತುಂಬಿತೇ ಎಂಬುದು ನಿಜವಾದ ಪ್ರಶ್ನೆ. 2023-24 ಮತ್ತು 2024-25ರಲ್ಲಿ ಕೆಎಫ್‌ಸಿ, ಪಿಜ್ಜಾ ಹಟ್ ನಡೆಸುವ ದೇವಯಾನಿ ಮತ್ತು ಸಫೈರ್ ಕಂಪನಿಗಳಿಗೂ, ಪಶ್ಚಿಮ ಹಾಗೂ ದಕ್ಷಿಣ ಭಾರತದಲ್ಲಿ ಮೆಕ್‌ಡೊನಾಲ್ಡ್ಸ್ ನಡೆಸುವ ವೆಸ್ಟ್‌ಲೈಫ್ ಕಂಪನಿಗೂ ಹಳೆಯ ಮಳಿಗೆಗಳ ವ್ಯಾಪಾರ ಅನೇಕ ತ್ರೈಮಾಸಿಕಗಳಲ್ಲಿ ಇಳಿದಿತ್ತು. 2026ರ ಜನವರಿ 1ರಂದು ದೇವಯಾನಿ ಮತ್ತು ಸಫೈರ್ ವಿಲೀನವನ್ನು ಪ್ರಕಟಿಸಿದವು. ಒಂದೇ ಮಾಲು ಮಾರುವ ಎರಡು ಕಂಪನಿಗಳು ಖರ್ಚು ಉಳಿಸಲು ಒಂದಾಗುವುದನ್ನು ವ್ಯಾಪಾರಸ್ಥರಿಗೆ ಬಿಡಿಸಿ ಹೇಳಬೇಕಿಲ್ಲ.

ಇದೇ ಹೊತ್ತಿನಲ್ಲಿ ಡೊಮಿನೋಸ್ ನಡೆಸುವ ಜುಬಿಲಂಟ್ ಫುಡ್‌ವರ್ಕ್ಸ್ ಚೇತರಿಸಿಕೊಂಡಿತು. 2024-25ರಲ್ಲಿ ಅದರ ಭಾರತದ ವಹಿವಾಟು ಸುಮಾರು 6,100 ಕೋಟಿ ರೂಪಾಯಿ, ದೇಶದಲ್ಲಿ ಅದರ ಡೊಮಿನೋಸ್ ಮಳಿಗೆಗಳು 2,000ಕ್ಕೂ ಹೆಚ್ಚು. ಮನೆಗೆ ತಲುಪಿಸುವ ಶುಲ್ಕ ತೆಗೆದದ್ದು, ಬೇಗ ತಲುಪಿಸಿದ್ದು ಅದಕ್ಕೆ ನೆರವಾಯಿತು. ಅಂದರೆ ಇಂದು ಗೆಲ್ಲುತ್ತಿರುವುದು ಮನೆಬಾಗಿಲಿಗೆ ಬರುವ ತಿಂಡಿ. ಮೊದಲು ಮಕ್ಕಳು ಹೊರಗೆ ಹೋದಾಗ ಮಾತ್ರ ಸಿಗುತ್ತಿದ್ದುದು ಈಗ ರಾತ್ರಿ ಹತ್ತು ಗಂಟೆಗೆ ಮನೆಯ ಹೊಸ್ತಿಲಿಗೇ ಬರುತ್ತದೆ.

ಜೊಮ್ಯಾಟೊ 2024ರ ಮಾರ್ಚ್ 19ರಂದು ಶುದ್ಧ ಸಸ್ಯಾಹಾರಕ್ಕೆ ಬೇರೆ ಸಿಬ್ಬಂದಿ, ಹಸಿರು ಸಮವಸ್ತ್ರ ಎಂದು ಘೋಷಿಸಿ, ಟೀಕೆ ಬಂದ ಮೇಲೆ ಮರುದಿನವೇ ಹಸಿರು ಸಮವಸ್ತ್ರವನ್ನು ಕೈಬಿಟ್ಟಿತು. ಸಸ್ಯಾಹಾರಿಗಳ ಮಾರುಕಟ್ಟೆ ದೊಡ್ಡದೆಂದು ಕಂಪನಿಗಳಿಗೆ ಗೊತ್ತಿದೆ. ಆದರೆ ಚೀಲ ಬೇರೆಯಾದ ಮಾತ್ರಕ್ಕೆ ಅಡುಗೆಮನೆ ಬೇರೆಯಾಗುವುದಿಲ್ಲ.

ಬೋರ್ಡಿನ ಮೇಲಿನ ಮಾತು

ಕಲಬುರಗಿಯಲ್ಲಾಗಲಿ ಕಮಲಾಪುರದಲ್ಲಾಗಲಿ ಬಂಡಿಯ ಮೇಲೆ ‘ಫಾಸ್ಟ್ ಫುಡ್’ ಎಂದು ಬರೆದಿದ್ದರೆ ಅದು ಬಹುಮಟ್ಟಿಗೆ ಬರ್ಗರ್ ಅಲ್ಲ. ಗೋಬಿ ಮಂಚೂರಿ, ನೂಡಲ್ಸ್, ಫ್ರೈಡ್ ರೈಸ್, ಎಗ್ ರೈಸ್. ಒಂದೇ ಬಾಣಲೆ, ಒಂದೇ ಸಟ್ಟುಗ, ಒಂದೇ ಎಣ್ಣೆ. ‘ವೆಜ್’ ಎಂದು ಕೇಳಿದವರಿಗೆ ಮೊಟ್ಟೆ ಹಾಕುವುದಿಲ್ಲ ಅಷ್ಟೇ. ಬಂಡಿಯವರನ್ನು ದೂರಿ ಫಲವಿಲ್ಲ. ಅವರು ಅಡಗಿಸಿ ಮಾಡುತ್ತಿಲ್ಲ, ಕಣ್ಣ ಮುಂದೆಯೇ ಮಾಡುತ್ತಾರೆ. ನೋಡಬೇಕಾದವರು ತಿನ್ನುವವರು.

ಆರೋಗ್ಯದ ಮಾತೂ ಇದೆ. 2024ರ ಮಾರ್ಚ್ 11ರಂದು ರಾಜ್ಯ ಸರ್ಕಾರ ಗೋಬಿ ಮಂಚೂರಿಗೆ ಕೃತಕ ಬಣ್ಣ ಬಳಸುವುದನ್ನು ನಿಷೇಧಿಸಿತು. ಪರೀಕ್ಷೆಗೆ ಕಳಿಸಿದ್ದ 171 ಮಾದರಿಗಳಲ್ಲಿ 107 ಅಸುರಕ್ಷಿತವೆಂದು ಆರೋಗ್ಯ ಸಚಿವ ದಿನೇಶ್ ಗುಂಡೂರಾವ್ ತಿಳಿಸಿದರು. ಅದೇ ವರ್ಷ ಪಾನಿಪುರಿಯ ಸುಮಾರು 260 ಮಾದರಿಗಳಲ್ಲಿ 41ರಲ್ಲಿ ಕೃತಕ ಬಣ್ಣ ಸಿಕ್ಕಿತು. ಇವೆರಡೂ ಸಸ್ಯಾಹಾರವೇ. ಸಸ್ಯಾಹಾರವಾದ್ದರಿಂದ ಚಿಂತೆ ಇಲ್ಲ ಎಂದು ಮಕ್ಕಳ ಕೈಗೆ ದುಡ್ಡು ಕೊಡುವ ಪಾಲಕರು ಈ ಅಂಕಿಗಳನ್ನು ನೆನಪಿಡಬೇಕು.

ಹಸಿರು ಚುಕ್ಕಿ ಎಲ್ಲಿಯವರೆಗೆ?

ಪೊಟ್ಟಣದ ಮೇಲಿನ ಹಸಿರು ಚುಕ್ಕಿ ಹೇಳುವುದು ಒಂದೇ ಮಾತು: ಇದರಲ್ಲಿ ಮಾಂಸ, ಮೀನು, ಮೊಟ್ಟೆ ಅಥವಾ ಕಾನೂನು ಮಾಂಸಾಹಾರವೆಂದು ಎಣಿಸುವ ಪದಾರ್ಥ ಇಲ್ಲ. ಕಂದಮೂಲದ ಬಗ್ಗೆ ಅದು ಏನೂ ಹೇಳುವುದಿಲ್ಲ. ಜೇನುತುಪ್ಪದ ಬಾಟಲಿಗೂ ಹಸಿರು ಚುಕ್ಕಿ ಇರುತ್ತದೆ. ಮದ್ಯ, ಮಾಂಸ, ಮಧು ತ್ಯಾಗವನ್ನು ಶ್ರಾವಕರ ಮೂಲಗುಣವೆಂದು ಕಲಿತ ಮನೆಗೆ ಈ ಒಂದು ಉದಾಹರಣೆ ಸಾಕು. ಚೀಸ್ ವಿಷಯದಲ್ಲಿ ಚುಕ್ಕಿ ನೆರವಾಗುತ್ತದೆ: ಕರುವಿನ ಹೊಟ್ಟೆಯಿಂದ ತೆಗೆದ ರೆನೆಟ್ ಬಳಸಿದ ಚೀಸ್‌ಗೆ ಹಸಿರು ಚುಕ್ಕಿ ಹಾಕುವಂತಿಲ್ಲ.

‘ಜೈನ್’ ಎಂಬ ಪದಕ್ಕೆ ಆಹಾರ ಸುರಕ್ಷತಾ ಕಾನೂನಿನಲ್ಲಿ ಹಸಿರು ಚುಕ್ಕಿಯಂಥ ಗುರುತು ಇಲ್ಲ. ಮೆನುವಿನಲ್ಲಿ ‘ಜೈನ್ ಪಿಜ್ಜಾ’, ‘ಜೈನ್ ಪಾವ್‌ಭಾಜಿ’ ಎಂದಿದ್ದರೆ ಅದು ಆ ಅಂಗಡಿಯವರು ಕೊಟ್ಟ ಮಾತು ಮಾತ್ರ. ಮೇಲೆ ಹಾಕುವ ಈರುಳ್ಳಿ ಬಿಡುವುದು ಸುಲಭ. ಬೆಳಿಗ್ಗೆಯೇ ಮಾಡಿಟ್ಟ ಗ್ರೇವಿಯಲ್ಲಿ, ಸಾಸಿನಲ್ಲಿ, ಮಸಾಲೆ ಪುಡಿಯಲ್ಲಿ ಸೇರಿದ ಬೆಳ್ಳುಳ್ಳಿಯನ್ನು ಯಾರೂ ಹೊರತೆಗೆಯಲಾರರು.

ಎಲ್ಲ ಮನೆಗಳ ಪದ್ಧತಿ ಒಂದೇ ಅಲ್ಲ ಎಂಬುದನ್ನೂ ಒಪ್ಪಿಕೊಳ್ಳಬೇಕು. ಕೆಲವರು ವರ್ಷವಿಡೀ ಕಂದಮೂಲ ಮುಟ್ಟುವುದಿಲ್ಲ. ಕೆಲವರು ಚಾತುರ್ಮಾಸದಲ್ಲಿ, ಪರ್ಯುಷಣ ಅಥವಾ ದಶಲಕ್ಷಣ ಪರ್ವದಲ್ಲಿ ಬಿಡುತ್ತಾರೆ. ಕೆಲವರು ಹುಳದ ಭಯದಿಂದ ಹೂಕೋಸನ್ನೂ, ಹುದುಗು ಬರುವುದರಿಂದ ಬ್ರೆಡ್ಡನ್ನೂ ಬಿಟ್ಟಿದ್ದಾರೆ. ಹಾಗಾಗಿ ‘ಜೈನ್’ ಎಂಬ ಒಂದು ಪದ ಎಲ್ಲರ ವ್ರತಕ್ಕೂ ಹೊಂದುವುದಿಲ್ಲ. ಏನೇನು ಹಾಕಿದ್ದಾರೆ ಎಂದು ಕೇಳುವುದೇ ದಾರಿ.

ಗಡಿಯಾರದ ಲೆಕ್ಕ

ಪದಾರ್ಥ ಸರಿಯಾದರೂ ಹೊತ್ತು ಉಳಿಯುತ್ತದೆ. ಕಲಬುರಗಿಯಲ್ಲಿ ನವೆಂಬರ್ ಕೊನೆಗೆ ಸೂರ್ಯಾಸ್ತ ಸುಮಾರು 5:45ಕ್ಕೆ, ಜುಲೈ ಮೊದಲ ವಾರದಲ್ಲಿ ಸುಮಾರು 7 ಗಂಟೆಗೆ. ಸೂರ್ಯಾಸ್ತಕ್ಕೆ ಎರಡು ಘಳಿಗೆ, ಅಂದರೆ 48 ನಿಮಿಷ ಮೊದಲೇ ಊಟ ಮುಗಿಸುವ ನಿಯಮ ಹಿಡಿದವರಿಗೆ ಚಳಿಗಾಲದಲ್ಲಿ ಸಂಜೆ 5 ಗಂಟೆಯೇ ಗಡಿ. ಕಾಲೇಜು ಬಿಡುವುದು, ಟ್ಯೂಷನ್ ಮುಗಿಯುವುದು, ಅಂಗಡಿ ಮುಚ್ಚುವುದು ಎಲ್ಲವೂ ಅದರ ನಂತರ.

ಹುಡುಗರು ರಾತ್ರಿ ತಿನ್ನುತ್ತಾರೆ ಎಂದು ಬೈಯುವ ಮೊದಲು, 4ರಿಂದ 6 ಗಂಟೆಯ ನಡುವೆ ಅವರಿಗೆ ಊರಿನಲ್ಲಿ ಏನು ಸಿಗುತ್ತದೆ ಎಂದು ಕೇಳಿಕೊಳ್ಳಬೇಕು. ಆ ಹೊತ್ತಿಗೆ ಬಂಡಿಗಳ ಒಲೆ ಇನ್ನೂ ಹೊತ್ತಿರುವುದಿಲ್ಲ, ಮೆಸ್‌ಗಳಲ್ಲಿ ರಾತ್ರಿ ಊಟ 8ಕ್ಕೆ. ಹಸಿದವರಿಗೆ ಮೊಬೈಲಿನಲ್ಲಿ ರಾತ್ರಿಯ ರಿಯಾಯಿತಿ ಕಾಣುತ್ತದೆ. ವ್ರತ ಸಡಿಲವಾಗುವುದು ಹೆಚ್ಚಾಗಿ ಶ್ರದ್ಧೆ ಕಡಿಮೆಯಾಗಿ ಅಲ್ಲ, ಹೊತ್ತಿಗೆ ಸರಿಯಾದ ತಿಂಡಿ ಸಿಗದೆ.

ನೂರು ರೂಪಾಯಿಯಲ್ಲಿ ಎಷ್ಟು ಉಳಿಯುತ್ತದೆ?

ಅಂಗಡಿ ಹಾಕುವ ಆಲೋಚನೆ ಇರುವವರಿಗಾಗಿ ಒಂದು ಉದಾಹರಣೆಯ ಲೆಕ್ಕ. ತೆರಿಗೆ ಬಿಟ್ಟು 100 ರೂಪಾಯಿಯ ಒಂದು ಆರ್ಡರ್ ಎಂದಿಟ್ಟುಕೊಳ್ಳಿ. ಪದಾರ್ಥಕ್ಕೆ 35, ಡಬ್ಬಿ ಮತ್ತು ಚೀಲಕ್ಕೆ 6, ಅಂಗಡಿ ಕೊಡುವ ರಿಯಾಯಿತಿ 10. ಉಳಿದದ್ದು 49. ಆ್ಯಪ್ ಕಂಪನಿಯ ಕಮಿಷನ್ 22 ಎಂದರೆ, ಅದರ ಮೇಲಿನ ಶೇಕಡಾ 18 ಜಿಎಸ್‌ಟಿ ಸೇರಿ 26. ಕೈಯಲ್ಲಿ 23. ಬಾಡಿಗೆ, ಸಂಬಳ, ಗ್ಯಾಸ್, ಕರೆಂಟಿಗೆ 30 ತಗಲಿದರೆ ಪ್ರತಿ ಆರ್ಡರಿಗೆ 7 ರೂಪಾಯಿ ನಷ್ಟ. ಅದೇ ತಿಂಡಿಯನ್ನು ಕೌಂಟರಿನಲ್ಲಿ ರಿಯಾಯಿತಿ ಇಲ್ಲದೆ ಮಾರಿದರೆ, ಪದಾರ್ಥಕ್ಕೆ 35, ಕಾಗದಕ್ಕೆ 2, ಉಳಿದ ಖರ್ಚು 30 ಕಳೆದು 33 ಉಳಿಯುತ್ತದೆ. ಫ್ರಾಂಚೈಸಿ ಆದರೆ ಅದರಲ್ಲೂ ರಾಯಲ್ಟಿ ಮತ್ತು ಜಾಹೀರಾತಿನ ಪಾಲು ಕೊಡಬೇಕು. ಸಂಖ್ಯೆಗಳು ಅಂಗಡಿಯಿಂದ ಅಂಗಡಿಗೆ ಬೇರೆ. ಲೆಕ್ಕದ ಕ್ರಮ ಮಾತ್ರ ಇದೇ.

ತೆರಿಗೆಯ ವಿಷಯ: 2017ರ ನವೆಂಬರ್ 15ರಿಂದ ಸಾಮಾನ್ಯ ಹೋಟೆಲುಗಳಿಗೆ ಶೇಕಡಾ 5 ಜಿಎಸ್‌ಟಿ, ಆದರೆ ಖರೀದಿಯ ಮೇಲೆ ಕಟ್ಟಿದ ತೆರಿಗೆ ವಾಪಸು ಸಿಗುವುದಿಲ್ಲ. 2022ರ ಜನವರಿ 1ರಿಂದ ಆ್ಯಪ್ ಮೂಲಕ ಹೋದ ಆರ್ಡರುಗಳ ಜಿಎಸ್‌ಟಿಯನ್ನು ಆ್ಯಪ್ ಕಂಪನಿಯೇ ಕಟ್ಟುತ್ತದೆ. 2025ರ ಸೆಪ್ಟೆಂಬರ್ 22ರಿಂದ ಬೆಣ್ಣೆ, ತುಪ್ಪ, ಚೀಸ್ ಮೇಲಿನ ತೆರಿಗೆ 12ರಿಂದ 5ಕ್ಕೆ ಇಳಿದಿದೆ, ಪೊಟ್ಟಣದ ಪನೀರಿಗೆ ತೆರಿಗೆ ಇಲ್ಲ. ವಾಪಸು ಸಿಗದ ತೆರಿಗೆ ಕಡಿಮೆಯಾದದ್ದು ಹೋಟೆಲಿನವರಿಗೆ ನೇರ ಉಳಿತಾಯ. ಆದರೆ 2025ರ ಜುಲೈನಲ್ಲಿ ಯುಪಿಐ ಲೆಕ್ಕದ ಮೇಲೆ ರಾಜ್ಯದ ಸಣ್ಣ ವ್ಯಾಪಾರಿಗಳಿಗೆ ಬಂದ ನೋಟಿಸುಗಳನ್ನು ಮರೆಯಬಾರದು. ಬಂಡಿಯಾಗಲಿ ಅಂಗಡಿಯಾಗಲಿ, ಮೊದಲ ದಿನದಿಂದಲೇ ಆಹಾರ ಇಲಾಖೆಯ ನೋಂದಣಿ ಮತ್ತು ಲೆಕ್ಕದ ಪುಸ್ತಕ ಇರಬೇಕು.

ಜೈನ ವ್ಯಾಪಾರಿಗೆ ಇನ್ನೊಂದು ತೊಡಕಿದೆ. ದೊಡ್ಡ ಕಂಪನಿಯ ಫ್ರಾಂಚೈಸಿ ಹಿಡಿದರೆ ಅಂಗಡಿ ಎಷ್ಟು ಹೊತ್ತು ತೆರೆದಿರಬೇಕು, ಏನು ಮಾರಬೇಕು ಎಂಬುದನ್ನು ಕರಾರು ಹೇಳುತ್ತದೆ. ದಶಲಕ್ಷಣದಲ್ಲಿ ಮುಚ್ಚುತ್ತೇನೆ, ಮಾಂಸದ ತಿನಿಸು ಇಡುವುದಿಲ್ಲ ಎಂದರೆ ನಡೆಯುವುದಿಲ್ಲ. ಸಹಿ ಹಾಕುವ ಮೊದಲೇ ಮನೆಯವರು ಕೂತು ಇದನ್ನು ಇತ್ಯರ್ಥ ಮಾಡಿಕೊಳ್ಳಬೇಕು. ಬಂಡವಾಳ ಹಾಕಿದ ಮೇಲೆ ಬಾಡಿಗೆ ಮತ್ತು ಸಾಲದ ಕಂತೇ ತೀರ್ಮಾನ ಮಾಡುತ್ತವೆ.

ಕಮಲಾಪುರ ಕಲಿಸುವ ಪಾಠ

ಕಲಬುರಗಿಯಿಂದ ಹುಮನಾಬಾದ್, ಬೀದರ್ ಕಡೆ ಹೋಗುವ ರಾಷ್ಟ್ರೀಯ ಹೆದ್ದಾರಿ 50ರ ಮೇಲೆ ಕಮಲಾಪುರ ಇದೆ. ಈಗ ಅದು ತಾಲ್ಲೂಕು ಕೇಂದ್ರ. 2017ರಲ್ಲಿ ಉದ್ಘಾಟನೆಯಾದ ಬೀದರ್–ಕಲಬುರಗಿ ರೈಲು ಮಾರ್ಗವೂ ಆ ಕಡೆಯಿಂದಲೇ ಹಾದುಹೋಗುತ್ತದೆ. ಊರಿನ ಹೆಸರು ಹೊರಗೆ ತಿಳಿದಿರುವುದು ಭೌಗೋಳಿಕ ಸೂಚಿಕೆ ಪಡೆದ ಕೆಂಪು ಬಾಳೆಯಿಂದ.

ಸಂಜೆ ಆ ದಾರಿಯಲ್ಲಿ ಹೊರಟ ಜೈನ ಕುಟುಂಬಕ್ಕೆ ಹೊತ್ತು ಮುಳುಗುವ ಮೊದಲು ಸಿಗುವ ಅತಿ ವೇಗದ ತಿಂಡಿ ಆ ಬಾಳೆಹಣ್ಣೇ. ಬಾಣಲೆ ಬೇಡ, ಸಾಸ್ ಬೇಡ, ಕೇಳಬೇಕಾದ ಪ್ರಶ್ನೆಯೂ ಒಂದೇ: ಕಾರ್ಬೈಡ್ ಹಾಕಿ ಹಣ್ಣು ಮಾಡಿದ್ದೋ ಇಲ್ಲವೋ. ಕಾರ್ಬೈಡ್ ಬಳಕೆ ಕಾನೂನಿನಲ್ಲಿ ನಿಷಿದ್ಧ. ಕೆಂಪು ಬಾಳೆ ತಡವಾಗಿ ಬರುವ, ಬೆಲೆ ಹೆಚ್ಚಿನ ಬೆಳೆ. ಅದನ್ನು ಅಡುಗೆಗೆ ಬಳಸುವುದು ಲೆಕ್ಕಕ್ಕೆ ಕೂಡುವುದಿಲ್ಲ. ಸಾಮಾನ್ಯ ಹಸಿ ಬಾಳೆಕಾಯಿಯನ್ನು ಬೇಯಿಸಿ ಆಲೂಗಡ್ಡೆಯ ಬದಲು ಹಾಕುವುದು ಜೈನ ಮನೆಗಳಲ್ಲಿ ಹಳೆಯ ರೂಢಿ. ಪಾವ್‌ಭಾಜಿ, ವಡಾ, ಟಿಕ್ಕಿ ಎಲ್ಲಕ್ಕೂ ಅದು ಹೊಂದುತ್ತದೆ. ಹಸಿ ಶುಂಠಿಯ ಬದಲು ಒಣ ಶುಂಠಿ, ಬೆಳ್ಳುಳ್ಳಿಯ ಬದಲು ಇಂಗು.

ಇನ್ನೊಂದು ಮಾದರಿ ಕಲಬುರಗಿಯ ಜೋಳದ ರೊಟ್ಟಿ. ಮಹಿಳಾ ಸಂಘಗಳು ‘ಕಲಬುರಗಿ ರೊಟ್ಟಿ’ ಎಂಬ ಹೆಸರಿನಲ್ಲಿ ಅದನ್ನು ಮಾರುಕಟ್ಟೆಗೆ ತಂದವು. ದಿನಕ್ಕೆ 3,000ಕ್ಕೂ ಹೆಚ್ಚು ರೊಟ್ಟಿ ತಯಾರಾಗುತ್ತಿರುವುದನ್ನು ಪ್ರಧಾನಿ 2025ರ ಜೂನ್ ತಿಂಗಳ ಮನ್ ಕಿ ಬಾತ್‌ನಲ್ಲಿ ಹೇಳಿದರು. ಕಟಕ ರೊಟ್ಟಿ ಹಗಲು ಮಾಡಿಟ್ಟರೆ ಹಲವು ದಿನ ಇರುತ್ತದೆ. ಬೆಳ್ಳುಳ್ಳಿ ಇಲ್ಲದ ಶೇಂಗಾ ಹಿಂಡಿ, ಮೊಸರು ಜೊತೆಗಿದ್ದರೆ ಎರಡು ನಿಮಿಷದ ಊಟ. ಮೊಸರಿನ ಜೊತೆ ದ್ವಿದಳ ಬೇಡ ಎನ್ನುವವರು ಹಿಂಡಿಯ ಜೊತೆ ಪಲ್ಯ ಇಟ್ಟುಕೊಳ್ಳಬಹುದು.

ಮುಂದಿನ ದಾರಿ

ಸೂರ್ಯಾಸ್ತಕ್ಕೆ ಮುಚ್ಚುವ ತಿಂಡಿ ಅಂಗಡಿ ನಡೆಯುತ್ತದೆಯೇ? ಸ್ಟೇಷನ್ ರಸ್ತೆಯಂಥ ಕಡೆ ದೊಡ್ಡ ಬಾಡಿಗೆ ಕೊಟ್ಟು ರಾತ್ರಿಯ ವ್ಯಾಪಾರ ಬಿಟ್ಟರೆ ನಡೆಯುವುದಿಲ್ಲ. ಇದನ್ನು ಮುಚ್ಚಿಟ್ಟು ಯಾರಿಗೂ ಉತ್ಸಾಹ ತುಂಬಬಾರದು. ಆದರೆ ಈಗಾಗಲೇ ಇರುವ ಕಿರಾಣಿ ಅಥವಾ ಸಿಹಿತಿಂಡಿ ಅಂಗಡಿಯ ಒಂದು ಮೂಲೆಯಲ್ಲಿ, ಕಾಲೇಜಿನ ಹತ್ತಿರದ ಸಣ್ಣ ಜಾಗದಲ್ಲಿ, ಬೆಳಿಗ್ಗೆಯಿಂದ ಸಂಜೆಯವರೆಗೆ ನಾಲ್ಕೈದು ಪದಾರ್ಥಗಳ ಕೌಂಟರ್ ನಡೆಸಬಹುದು. ಹೊಸ ಬಾಡಿಗೆ ಇಲ್ಲ, ಆ್ಯಪ್ ಕಮಿಷನ್ ಇಲ್ಲ. ಗಿರಾಕಿಗಳು ಜೈನರಷ್ಟೇ ಆಗಬೇಕಿಲ್ಲ. ಮೊಟ್ಟೆ ಮುಟ್ಟದ ಬಾಣಲೆ ಹುಡುಕುವ ಲಿಂಗಾಯತ, ಬ್ರಾಹ್ಮಣ ಕುಟುಂಬಗಳು ಊರಿನಲ್ಲಿ ಬಹಳಷ್ಟಿವೆ. ಮಳಖೇಡದ ನೇಮಿನಾಥ ಬಸದಿಗೆ ಹೋಗುವ ಯಾತ್ರಿಕರಿಗೆ ಬುತ್ತಿ, ಪರ್ವದ ದಿನಗಳಲ್ಲಿ ಮೊದಲೇ ಹೇಳಿದ ಆರ್ಡರುಗಳು ಆ ಕೌಂಟರಿಗೆ ಆಸರೆ.

ಹೊರಗೆ ತಿನ್ನುವ ಕುಟುಂಬಗಳು ನಾಲ್ಕು ಪ್ರಶ್ನೆ ಕೇಳುವ ರೂಢಿ ಮಾಡಿಕೊಳ್ಳಲಿ. ಬಾಣಲೆ ಮತ್ತು ಎಣ್ಣೆ ಬೇರೆಯೇ? ಗ್ರೇವಿ, ಸಾಸ್ ಈಗ ಮಾಡಿದ್ದೋ, ಮೊದಲೇ ಮಾಡಿಟ್ಟದ್ದೋ? ಆಲೂಗಡ್ಡೆಯ ಬದಲು ಏನು ಹಾಕಿದ್ದೀರಿ? ಎಷ್ಟು ಗಂಟೆಗೆ ಕೈಗೆ ಸಿಗುತ್ತದೆ? ಹತ್ತು ಮನೆಯವರು ಇದೇ ನಾಲ್ಕು ಪ್ರಶ್ನೆ ಕೇಳಿದರೆ ಅಂಗಡಿಯವರು ಉತ್ತರ ಸಿದ್ಧ ಮಾಡಿಕೊಳ್ಳುತ್ತಾರೆ. ಗಿರಾಕಿ ಕೇಳದೆ ಯಾವ ಅಂಗಡಿಯೂ ಬದಲಾದದ್ದಿಲ್ಲ.

ಬಸದಿ, ಮಂದಿರಗಳ ಸಮಿತಿಗಳು ಮತ್ತು ಮಹಿಳಾ ಮಂಡಳಗಳು ಒಂದು ಕೆಲಸ ಮಾಡಬಹುದು. ಓದಲು ಬಂದ ಮಕ್ಕಳ ಹೆಸರು ಬರೆದುಕೊಂಡು, ಸಂಜೆ 5ರ ಒಳಗೆ ಸಿಗುವಂತೆ ಬೆಲೆ ತೆಗೆದುಕೊಂಡೇ ತಿಂಡಿ ಡಬ್ಬಿ ಕೊಡುವ ವ್ಯವಸ್ಥೆ. ಚಾತುರ್ಮಾಸದ ನಾಲ್ಕು ತಿಂಗಳು ನಡೆಸಿ ಖರ್ಚು, ಆದಾಯ ಬರೆದಿಟ್ಟರೆ ವರ್ಷವಿಡೀ ನಡೆಸಬಹುದೇ ಎಂಬುದು ತಾನಾಗಿ ತಿಳಿಯುತ್ತದೆ. ರಾತ್ರಿ ತಿನ್ನಬೇಡ ಎಂದು ಹೇಳುವ ಹಿರಿಯರು ಸಂಜೆಗೆ ಏನು ತಿನ್ನಬೇಕು ಎಂಬುದನ್ನೂ ಮಕ್ಕಳ ಕೈಗಿಟ್ಟರೆ ಆ ಮಾತಿಗೆ ಬೆಲೆ ಬರುತ್ತದೆ.